ತಡವಾಯ್ತು ಅಂದೆಯಲ್ಲ

ಪುಟ್ಟಾ,

ಮನೆ ಸುದ್ದಿಯೆಲ್ಲ ನಿನ್ನಮ್ಮ ಫೋನಿನಲ್ಲಿ ಹೇಳಿಯೇ ಇರುತ್ತಾಳೆ. ನೀನು ಪತ್ರದ ಕೊನೆಯಲ್ಲಿ ಬರೆದ ಆ ಸಾಲು ಮಾತ್ರ ತಲೆಯಿಂದ ಹೋಗುತ್ತಿಲ್ಲ. "ಇಪ್ಪತ್ಮೂರಾಯ್ತು ಮಾವ, ಈಗ ಸಿನಿಮಾ ಸಂಗೀತಕ್ಕೆ ಇಳಿದರೆ ತಡವಾಯ್ತು."

ಸಿನಿಮಾಗಳಿಗೆ ಸಂಗೀತ ಕೊಟ್ಟ ಮೋರಿಸ್ ಜಾರ್ ಗೊತ್ತಲ್ವಾ? ಫ್ರಾನ್ಸಿನ ಲಿಯೋನ್‌ನಲ್ಲಿ 1924ರಲ್ಲಿ ಹುಟ್ಟಿದವರು. ಅವರೂ ನಿನ್ನ ಹಾಗೆ ಮೊದಲು ಎಂಜಿನಿಯರಿಂಗಿಗೇ ಸೇರಿದ್ದು, ಪ್ಯಾರಿಸ್ಸಿನಲ್ಲಿ. ಅಪ್ಪ ಬೇಡ ಅಂದರೂ ಬಿಟ್ಟು ಸಂಗೀತ ಶಾಲೆಗೆ ಹೋದರು, ತಾಳವಾದ್ಯ ಹಿಡಿದರು. ಪಿಯಾನೊ, ಪಿಟೀಲು ಚಿಕ್ಕಂದಿನಿಂದಲೇ ಕಲಿತವರ ಜೊತೆ ಓಡುವುದು ಕಷ್ಟ ಅನ್ನಿಸಿರಬೇಕು, ನನ್ನ ಊಹೆ.

ಸಿನಿಮಾ ತಕ್ಷಣ ಕರೆಯಲಿಲ್ಲ. ಜ್ಯಾಂ ವಿಲಾರ್ ಅವರ ನಾಟಕ ತಂಡಕ್ಕೆ ವರ್ಷಗಟ್ಟಲೆ ಸಂಗೀತ ಕೊಟ್ಟರು. ಮೊದಲ ಸಿನಿಮಾ 1952ರಲ್ಲಿ, ಅದೂ ಜಾರ್ಜ್ ಫ್ರಾಂಜು ಅವರ ಕಿರುಚಿತ್ರ. 'ಲಾರೆನ್ಸ್ ಆಫ್ ಅರೇಬಿಯಾ' ಬಂದದ್ದು 1962ರಲ್ಲಿ, ಆಗ ಅವರಿಗೆ ಮೂವತ್ತೆಂಟು. ಮೊದಲು ಬೇರೆ ದೊಡ್ಡವರ ಹೆಸರುಗಳು ಓಡಾಡಿ, ಕೊನೆಗೆ ಇಡೀ ಕೆಲಸ ಇವರ ತಲೆ ಮೇಲೆ ಬಂತು, ಕೈಯಲ್ಲಿದ್ದದ್ದು ಆರೇ ವಾರ. ಆ ಚಿತ್ರದ ಶುರು ಕೇಳು. ಪರದೆ ಇನ್ನೂ ಕತ್ತಲು, ಮೊದಲು ಬರುವುದು ನಗಾರಿಯಂಥ ಟಿಂಪನಿಯ ಪೆಟ್ಟು. ತಾಳವಾದ್ಯದವನ ಕೈ ಅದು!

ಮೂರು ಆಸ್ಕರ್ ಬಂತು. ಮೂರನೆಯದು 'ಎ ಪ್ಯಾಸೇಜ್ ಟು ಇಂಡಿಯಾ'ಗೆ, ನಮ್ಮ ಸಾವನದುರ್ಗದಲ್ಲೂ ಚಿತ್ರೀಕರಣವಾದ ಸಿನಿಮಾ. ಅಷ್ಟೊತ್ತಿಗೆ ಅರವತ್ತು ದಾಟಿದ್ದರು ಕಣೋ. ಇಪ್ಪತ್ಮೂರಕ್ಕೆ ತಡ ಅನ್ನುತ್ತೀಯಾ?

ನಾನು ಯಾಕೆ ಇಷ್ಟು ಹಟ ಮಾಡುತ್ತಿದ್ದೇನೆ ಅಂದರೆ, ಆ ಮಾತು ನನಗೂ ಹೇಳಿದ್ದರು. ಬ್ಯಾಂಕ್ ಕೆಲಸ ಸಿಕ್ಕಿತ್ತು, "ಇನ್ನೆಂಥ ಮೃದಂಗ" ಅಂದರು, ನಾನೂ ಹೌದು ಅಂದುಕೊಂಡೆ. ಮೊನ್ನೆ ಅಟ್ಟದಿಂದ ಇಳಿಸಿ ನೋಡಿದರೆ ಬಲಗಡೆಯ ಕರಣೆ, ಅದೇ ಆ ಕಪ್ಪು ಲೇಪ, ಬಿರುಕು ಬಿಟ್ಟು ಪುಡಿ ಪುಡಿಯಾಗಿ ಉದುರುತ್ತಿತ್ತು. ಬಾರು ಮಾತ್ರ ಗಟ್ಟಿಯಾಗಿತ್ತು. ಸಂಬಳ ಬಂತು, ಮನೆ ನಡೆಯಿತು, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ಸಂಜೆ ಅರ್ಧ ಗಂಟೆ ಬಾರಿಸಬಹುದಿತ್ತು, ಅಷ್ಟನ್ನೂ ಬಿಟ್ಟೆ.

ನನಗೆ ನಿನ್ನ ಕ್ಷೇತ್ರ ತಿಳಿಯದು, ತಪ್ಪಿದ್ದರೆ ಬಿಡು. ಕೆಲಸ ಈಗಲೇ ಬಿಡಬೇಡ. ಊರಿನ ಯಾವುದಾದರೂ ನಾಟಕ ತಂಡಕ್ಕೆ ಹೋಗಿ ಸಂಗೀತ ಕೊಡು, ದುಡ್ಡು ಕೊಡದಿದ್ದರೂ ಸರಿ. ದೃಶ್ಯಕ್ಕೆ ಎಲ್ಲಿ ಬಾರಿಸಬೇಕು, ಎಲ್ಲಿ ಸುಮ್ಮನಿರಬೇಕು ಅನ್ನುವುದು ಅಲ್ಲೇ ತಿಳಿಯುತ್ತದೆ ಅಂತ ಕಾಣುತ್ತದೆ. ಇನ್ನೊಂದು, ಜಾರ್ ಅವರ ಸಂಸಾರ ಮುರಿದಾಗ ಮಗ ಜ್ಯಾಂ ಮಿಶೆಲ್‌ಗೆ ಐದೇ ವರ್ಷ, ಆಮೇಲೆ ಅಪ್ಪ ಮಗನ ಒಡನಾಟ ತೀರಾ ಕಡಿಮೆ. ಕೆಲಸದ ಗುಂಗಿನಲ್ಲಿ ಅಮ್ಮನಿಗೆ ಫೋನ್ ಮಾಡುವುದು ಮರೆಯಬೇಡ.

ತಡ ಅನ್ನುವ ಭಯ ರಾತ್ರಿಯಾದರೆ ಜಾಸ್ತಿ, ನನಗೆ ಗೊತ್ತು. ನೀನು ಸೇರಬೇಕು ಅಂದುಕೊಂಡಿರುವ ಸಂಗೀತದ ಕೋರ್ಸಿಗೆ ಅರ್ಜಿ ಹಾಕಲು ಕೊನೇ ದಿನ ಯಾವುದು ಅಂತ ಬರೆ. ಫೀಸಿನ ವಿಷಯ ನಿನ್ನಪ್ಪನ ಹತ್ತಿರ ನಾನೇ ಮಾತಾಡುತ್ತೇನೆ.

ನಿನ್ನ ಮಾವ