ಮೂರು ಪಂದ್ಯಗಳ ವಾಟ್ಸನ್

ಚಿರಂಜೀವಿ ಪುಟ್ಟನಿಗೆ ಸೋದರಮಾವನ ಆಶೀರ್ವಾದಗಳು. ನಾವೆಲ್ಲ ಕ್ಷೇಮ.

ನಿನ್ನೆ ರಾತ್ರಿ ಅಕ್ಕ ಫೋನ್ ಮಾಡಿದ್ದಳು. ಕೆಲಸಕ್ಕೆಂದು ಪುಣೆಗೆ ಹೋದ ಕಾರಣಕ್ಕೇ ತಂಡದ ಪಟ್ಟಿಯಿಂದ ನಿನ್ನ ಹೆಸರು ಕೈಬಿಟ್ಟಿದ್ದಾರೆ, ಇನ್ನು ಚೆಂಡು ಮುಟ್ಟುವುದಿಲ್ಲ ಎಂದು ಹಟ ಹಿಡಿದಿದ್ದೀಯೆ ಎಂದಳು. ನನಗೆ ನಿದ್ದೆ ಬರಲಿಲ್ಲ. ಸ್ಕಾಟ್ಲೆಂಡಿನ ಹಳೆಯ ಕಾಲದ ಫುಟ್‌ಬಾಲ್ ಆಟಗಾರ ಆಂಡ್ರ್ಯೂ ವಾಟ್ಸನ್ ನೆನಪಾದ.

ಅವನು ಹುಟ್ಟಿದ್ದು 1856ರಲ್ಲಿ, ದಕ್ಷಿಣ ಅಮೆರಿಕದ ಬ್ರಿಟಿಷ್ ಗಯಾನಾದ ಡೆಮೆರಾರಾದಲ್ಲಿ. ಗುಲಾಮರ ಬೆವರಿನಿಂದ ಬೆಳೆದ ಸಕ್ಕರೆ ತೋಟಗಳ ನಾಡು ಅದು. ತಂದೆ ಸ್ಕಾಟ್ಲೆಂಡಿನ ಸಿರಿವಂತ, ತಾಯಿ ಹ್ಯಾನಾ ರೋಸ್ ಗಯಾನಾದವಳೇ. ಇಂಗ್ಲೆಂಡಿನಲ್ಲಿ ಶಾಲೆ ಕಲಿತು, ಹತ್ತೊಂಬತ್ತನೆಯ ವಯಸ್ಸಿನಲ್ಲಿ ಗ್ಲಾಸ್ಗೋ ವಿಶ್ವವಿದ್ಯಾಲಯಕ್ಕೆ ಸೇರಿದ. ಓದು ಒಂದೇ ವರ್ಷಕ್ಕೆ ನಿಂತಿತು, ಫುಟ್‌ಬಾಲ್ ಹಿಡಿದುಕೊಂಡಿತು. ಪಾರ್ಕ್‌ಗ್ರೋವ್ ಎಂಬ ಕ್ಲಬ್ಬಿನಲ್ಲಿ ಆಡುತ್ತಲೇ ಪಂದ್ಯಗಳ ಕಾರ್ಯದರ್ಶಿಯೂ ಆದ. ಎದುರಾಳಿಗಳಿಗೆ ಪತ್ರ ಬರೆಯುವುದು, ದಿನ ಗೊತ್ತುಮಾಡುವುದು, ಯಾರ ಕಣ್ಣಿಗೂ ಬೀಳದ ಇಂಥ ಕೆಲಸವನ್ನೂ ಅವನು ಹೊತ್ತ. ಮುಂದೆ ಅಂದಿನ ದೊಡ್ಡ ಕ್ಲಬ್ ಕ್ವೀನ್ಸ್ ಪಾರ್ಕಿಗೂ ಕಾರ್ಯದರ್ಶಿಯಾದ. ನನಗೆ ಅವನ ಮೇಲೆ ಗೌರವ ಹುಟ್ಟಿದ್ದು ಮೊದಲು ಇಲ್ಲಿಯೇ.

1881ರ ಮಾರ್ಚ್ 12. ಲಂಡನ್ನಿನ ಓವಲ್ ಮೈದಾನ. ಸ್ಕಾಟ್ಲೆಂಡಿನ ಪರ ಅವನ ಮೊದಲ ಪಂದ್ಯ, ಮೊದಲ ಪಂದ್ಯದಲ್ಲೇ ನಾಯಕ. ಕಪ್ಪು ಬಣ್ಣದವನೊಬ್ಬ ಅಂತರರಾಷ್ಟ್ರೀಯ ಫುಟ್‌ಬಾಲ್ ತಂಡವೊಂದನ್ನು ಮುನ್ನಡೆಸಿದ್ದು ಅದೇ ಮೊದಲು. ಇಂಗ್ಲೆಂಡಿಗೆ 6-1ರ ಸೋಲು. ತವರು ನೆಲದಲ್ಲಿ ಅದಕ್ಕಿಂತ ದೊಡ್ಡ ಸೋಲನ್ನು ಇಂಗ್ಲೆಂಡ್ ಇಂದಿಗೂ ಕಂಡಿಲ್ಲ. ಎರಡೇ ದಿನಕ್ಕೆ ವೇಲ್ಸ್ ವಿರುದ್ಧ 5-1, ಮರುವರ್ಷ ಗ್ಲಾಸ್ಗೋದಲ್ಲಿ ಮತ್ತೆ ಇಂಗ್ಲೆಂಡ್ ವಿರುದ್ಧ 5-1. ಮೂರು ಪಂದ್ಯಗಳಲ್ಲಿ ಎದುರಾಳಿಗಳಿಗೆ ಸಿಕ್ಕಿದ್ದು ಮೂರೇ ಗೋಲು. ಪುಟ್ಟ, ಅವನು ನಿನ್ನ ಹಾಗೆ ಬ್ಯಾಕ್ ಆಟಗಾರ, ಎದುರಾಳಿ ಗೋಲು ಹೊಡೆಯದಂತೆ ತಡೆಯುವವನು. ಆ ಮೂರರ ಬೆಲೆ ನಿನಗೆ ಬಿಡಿಸಿ ಹೇಳಬೇಕಾಗಿಲ್ಲ.

ಆಮೇಲೆ ಅವನು ಲಂಡನ್ನಿಗೆ ಹೊರಟ. ಸ್ಕಾಟ್ಲೆಂಡಿನಲ್ಲಿ ಆಡುವವರನ್ನು ಮಾತ್ರ ತಂಡಕ್ಕೆ ಆರಿಸುತ್ತಿದ್ದ ಕಾಲ ಅದು. ಇಂಗ್ಲೆಂಡಿನಲ್ಲಿ ಆಡುವವರಿಗೆ ಬಾಗಿಲು ತೆರೆದದ್ದು 1896ರಲ್ಲಿ. ಅಷ್ಟರಲ್ಲಿ ವಾಟ್ಸನ್ನನಿಗೆ ನಲವತ್ತು ತುಂಬುತ್ತಿತ್ತು. ಇಪ್ಪತ್ತಾರನೆಯ ವಯಸ್ಸಿಗೇ ದೇಶದ ಪರ ಆಟ ಮುಗಿದುಹೋಯಿತು, ಊರು ಬಿಟ್ಟದ್ದಕ್ಕೆ.

ಅವನು ಆಟ ಬಿಡಲಿಲ್ಲ. ಇಂಗ್ಲೆಂಡಿನ ಕ್ಲಬ್ಬುಗಳಾದ ಸ್ವಿಫ್ಟ್ಸ್ ಪರ ಆಡಿದ, ಕೊರಿಂಥಿಯನ್ಸ್ ಪರ ಆಡಿದ. ಮತ್ತೆ ಗ್ಲಾಸ್ಗೋಗೆ ಬಂದು 1886ರಲ್ಲಿ ಕ್ವೀನ್ಸ್ ಪಾರ್ಕ್ ಜೊತೆ ಮೂರನೆಯ ಬಾರಿ ಸ್ಕಾಟಿಷ್ ಕಪ್ ಗೆದ್ದ. ಕೊನೆಗೆ ಲಿವರ್‌ಪೂಲ್ ಸೇರಿ ಹಡಗುಗಳ ಎಂಜಿನಿಯರ್ ಆದ, ಆ ಸಂಬಳದಲ್ಲಿ ಸಂಸಾರ ನಡೆಸಿದ. 1921ರಲ್ಲಿ ಲಂಡನ್ನಿನಲ್ಲಿ ತೀರಿಕೊಂಡ. ಜಗತ್ತು ಅವನನ್ನು ಬಹಳ ಕಾಲ ಮರೆತೇಬಿಟ್ಟಿತ್ತು. ಇದನ್ನು ನೆನೆದರೆ ನನಗೆ ಈಗಲೂ ಸಂಕಟವಾಗುತ್ತದೆ.

ನಿನ್ನ ವಯಸ್ಸಿನಲ್ಲಿ ನನಗೂ ಹೀಗೇ ಆಯಿತು. ಕೆಲಸದ ಮೇಲೆ ಬೇರೆ ಊರಿಗೆ ವರ್ಗವಾಯಿತು, ತಂಡದಿಂದ ಹೆಸರು ಹೋಯಿತು. ಸಿಟ್ಟಿನಲ್ಲಿ ಬೂಟುಗಳನ್ನು ಅಟ್ಟಕ್ಕೆ ಎಸೆದೆ. ಮಳೆಗಾಲ ಕಳೆದ ಮೇಲೆ ಇಳಿಸಿ ನೋಡಿದರೆ ಬೂಷ್ಟು ಹಿಡಿದು, ಚರ್ಮ ಮಡಿಕೆಯಲ್ಲಿ ಸೀಳಿತ್ತು. ಕಾಲು ತೂರಿಸಿ ನೋಡಿದೆ, ಹಿಡಿಸಲಿಲ್ಲ. ಹೊಸ ಜೋಡಿ ಕೊಳ್ಳುವ ಮನಸ್ಸೂ ಬರಲಿಲ್ಲ. ಆಗ ಒಂದು ಮಾತು ಹೇಳುವವರು ನನಗಿರಲಿಲ್ಲ, ನಿನಗೆ ನಾನಿದ್ದೇನೆ.

ಪುಣೆಯಲ್ಲಿ ಮನೆ ಹತ್ತಿರದ ಯಾವುದಾದರೂ ಕ್ಲಬ್ಬಿಗೆ ಈ ಭಾನುವಾರವೇ ಹೋಗಿ ವಿಚಾರಿಸು. ಮೊದಲ ದಿನ ಆಡಿಸದಿದ್ದರೆ ಗೆರೆ ಎಳೆಯುವ ಕೆಲಸವಿದ್ದರೂ ಮಾಡು. ನೀನು ಇಲ್ಲಿ ಬಿಟ್ಟುಹೋದ ಬೂಟುಗಳನ್ನು ಒರೆಸಿ, ಹೊಸ ಲೇಸು ಹಾಕಿ, ನಾಳೆ ರಾತ್ರಿಯ ಬಸ್ಸಿನಲ್ಲಿ ಪಾರ್ಸಲ್ ಕಳುಹಿಸುತ್ತಿದ್ದೇನೆ. ಜೊತೆಗೆ ಅಕ್ಕ ಮಾಡಿದ ಚಕ್ಕುಲಿಯೂ ಇದೆ. ಶನಿವಾರ ಬೆಳಿಗ್ಗೆ ನಿಲ್ದಾಣಕ್ಕೆ ಹೋಗಿ ಬಿಡಿಸಿಕೊ.

ಇಂತಿ ನಿನ್ನ ಪ್ರೀತಿಯ,
ಮಾವ