ನಮೂನೆ 10 ಇದೆ, ಬಾಂದು ಕಲ್ಲು ಎಲ್ಲಿ?

ಮಾನ್ಯರೇ,

ಭೂ ಸುಧಾರಣಾ ಕಾಯ್ದೆಯಡಿ ಜಮೀನು ಪಡೆದ ಗೇಣಿದಾರರ ಮನೆಗಳಲ್ಲಿ ನಮೂನೆ 10, ಅಂದರೆ ಅಧಿಭೋಗದ ಹಕ್ಕುಪತ್ರ, ಜೋಪಾನವಾಗಿದೆ. ಹೊಲದಲ್ಲಿ ಗಡಿ ಗುರುತಿನ ಬಾಂದು ಕಲ್ಲು ಮಾತ್ರ ಇಲ್ಲ. 1974ರ ಮಾರ್ಚ್ 1ರಂದು ಗೇಣಿ ಜಮೀನು ಸರ್ಕಾರಕ್ಕೆ ಸೇರಿದ ಮೇಲೆ ಭೂ ನ್ಯಾಯಮಂಡಳಿಗಳು ಗೇಣಿದಾರರು ಹಕ್ಕು ಕೋರಿ ಕೊಟ್ಟ ನಮೂನೆ 7ರ ಅರ್ಜಿಗಳನ್ನು ವಿಚಾರಿಸಿ ಇಂತಿಷ್ಟು ಎಕರೆ ಎಂದು ಆದೇಶ ಮಾಡಿದವು. ಇಡೀ ಸರ್ವೆ ನಂಬರು ಒಬ್ಬರಿಗೇ ಬಂದಿದ್ದರೆ ತಕರಾರಿಲ್ಲ. ಮೂರ್ನಾಲ್ಕು ಜನರಿಗೆ ಹಂಚಿಹೋದ ನಂಬರುಗಳಲ್ಲಿ ಎಷ್ಟೋ ಆದೇಶಗಳಿಗೆ ನಕ್ಷೆಯೇ ಇಲ್ಲ. ಚೆಕ್ಕುಬಂದಿಯಲ್ಲಿ ‘ಪೂರ್ವಕ್ಕೆ ಇದೇ ನಂಬರಿನ ಉಳಿಕೆ ಜಮೀನು’ ಎಂದಿರುತ್ತದೆ. ಆ ಉಳಿಕೆ ಎಲ್ಲಿಂದ ಶುರು ಎಂಬುದೇ ಜಗಳ.

ಒಂದು ಕುಟುಂಬ ಇಟ್ಟುಕೊಳ್ಳಬಹುದಾದ ಮಿತಿ ಮೀರಿದ ಜಮೀನಿನ ಪಾಡೂ ಇದೇ. ಅಂದಿನ ಹತ್ತು ಯೂನಿಟ್ಟಿನ ಮಿತಿ ಡಿ ವರ್ಗದ ಖುಷ್ಕಿಗೆ, ಅಂದರೆ ನೀರಾವರಿಯಿಲ್ಲದ ಜಮೀನಿಗೆ, 54 ಎಕರೆ. ಮೀರಿದ್ದನ್ನು ಕಾಗದದಲ್ಲಿ ಕಳೆಯುವುದು ಸುಲಭ. ಹೆಚ್ಚುವರಿ ಯಾವ ಬದುವಿನಿಂದಾಚೆಗೆ ಎಂದು ಕಲ್ಲು ನೆಡದಿದ್ದರೆ ಮಾಲೀಕ ಒಳ್ಳೇ ಮಣ್ಣಿನಲ್ಲೇ ಉಳಿಯುತ್ತಾನೆ, ಮಂಜೂರಿ ಪಡೆದವನ ಪಾಲಿಗೆ ಕಲ್ಲುಗುಡ್ಡೆ.

ದುರಸ್ತಿ, ಅಂದರೆ ಪ್ರತಿ ಪಾಲನ್ನೂ ಅಳೆದು ಬೇರೆ ನಂಬರು ಕೊಡುವ ಕೆಲಸ, ನಿಲ್ಲುವುದು ಹೆಚ್ಚಾಗಿ ಖರಾಬಿನಲ್ಲಿ, ಅಂದರೆ ಸಾಗುವಳಿಗೆ ಬಾರದ ಭಾಗದಲ್ಲಿ. ಆಕಾರ್‌ಬಂದ್ ಎಂಬ ವಿಸ್ತೀರ್ಣದ ಸರ್ವೆ ದಾಖಲೆ ಪ್ರಕಾರ ಒಂದು ನಂಬರು 8 ಎಕರೆ 20 ಗುಂಟೆ, ಅದರಲ್ಲಿ 20 ಗುಂಟೆ ಖರಾಬು ಎಂದುಕೊಳ್ಳಿ. ಹಂಚಲು ಸಿಗುವುದು 8 ಎಕರೆ. ಆದೇಶಗಳು 3 ಎಕರೆ, 3 ಎಕರೆ, 2 ಎಕರೆ 20 ಗುಂಟೆ ಎಂದಿದ್ದರೆ ಖರಾಬನ್ನೂ ಹಂಚಿದಂತಾಯಿತು. ಪಹಣಿಯ 3ನೇ ಕಾಲಂನ ನಂಬರಿನ ವಿಸ್ತೀರ್ಣಕ್ಕೂ 9ನೇ ಕಾಲಂನ ಮಾಲೀಕರ ವಿಸ್ತೀರ್ಣಕ್ಕೂ ತಾಳೆಯಾಗುವುದಿಲ್ಲ, ಪಾಲು ಬೇರ್ಪಡಿಸುವ ಪೋಡಿ ಅರ್ಜಿ ವಾಪಸು ಬರುತ್ತದೆ. ಅದು ‘ಬ’ ಖರಾಬಾದರೆ, ಅಂದರೆ ದಾರಿಯೋ ಹಳ್ಳವೋ ಆದರೆ, ಯಾರ ಹಿಸ್ಸೆಗೂ ಸೇರಿಸುವಂತಿಲ್ಲ. ಇಲ್ಲಿ ಯಾರ ವಿಸ್ತೀರ್ಣವನ್ನೂ ಕಡಿತ ಮಾಡುವ ಅಧಿಕಾರ ಭೂಮಾಪಕರಿಗಿಲ್ಲ. ಕೊರತೆಯನ್ನು ವರದಿ ಮಾಡಿ, ಆದೇಶವನ್ನೇ ತಿದ್ದಿಸಬೇಕು.

ಹಾಗೆ ಮಾಡದೆ ಅರ್ಜಿ ಕೊಟ್ಟವನ ಹಿಸ್ಸೆಯನ್ನಷ್ಟೇ ಅಳೆದು ಬಂದರೆ ಮೊದಲು ಬಂದವನಿಗೆ ಪೂರಾ 3 ಎಕರೆ, ಕೊನೆಗೆ ಬಂದವನಿಗೆ 20 ಗುಂಟೆ ಖೋತಾ. ಆಮೇಲೆ ಅವನು ಪಕ್ಕದವನನ್ನು ಒತ್ತುವರಿದಾರ ಎನ್ನುತ್ತಾನೆ. ಒತ್ತಿದವರು ಯಾರೂ ಇಲ್ಲ, ಲೆಕ್ಕವೇ ತಪ್ಪು. ಆದ್ದರಿಂದ ಎಲ್ಲ ಹಿಸ್ಸೆದಾರರಿಗೂ ನೋಟಿಸು ಕೊಟ್ಟು, ನಂಬರನ್ನು ಪೂರ್ತಿಯಾಗಿ ಒಂದೇ ಸಲ ಅಳೆಯಬೇಕು.

ಅಳತೆ ಎಲ್ಲಿಂದ ಹಿಡಿಯಬೇಕು ಎಂಬುದೂ ಮುಖ್ಯ. ಪಕ್ಕದ ಹೊಲದ ಬದುವಿನಿಂದ ಟೇಪು ಎಳೆಯುವುದು ಊರಲ್ಲಿ ರೂಢಿ. ಉಳುಮೆಯಲ್ಲಿ ಬದು ವರ್ಷವರ್ಷ ಸರಿಯುತ್ತದೆ, ಅದು ಗುರುತಾಗದು. ಹಿಂದಿನ ಸರ್ವೆಯ ಅಳತೆ ಬರೆದ ಮೂಲ ಟಿಪ್ಪಣಿ, ಗ್ರಾಮ ನಕ್ಷೆ ಹಿಡಿದು ಹಳೇ ಕಲ್ಲುಗಳನ್ನು ಹುಡುಕಬೇಕು. ಎರಡು ಕಲ್ಲು ಸಿಕ್ಕರೆ ಸಾಲದು, ಅವುಗಳಲ್ಲೊಂದು ಕಿತ್ತು ನೆಟ್ಟದ್ದಿರಬಹುದು. ಮೂರನೆಯದರ ಅಂತರವೂ ಟಿಪ್ಪಣಿಗೆ ಹೊಂದಿದ ಮೇಲೆಯೇ ಬುನಾದಿ ಗೆರೆ ಹಾಕಿ ಅಡ್ಡ ಅಳತೆ ತೆಗೆಯಬೇಕು. ಹಳೇ ಚೈನು 33 ಅಡಿ, ಅದಕ್ಕೆ 16 ಆಣೆ. ಒಂದು ಚೈನು ಚೌಕವೇ ಒಂದು ಗುಂಟೆ, ಗುಂಟೆಗೂ 16 ಆಣೆ. 10 ಚೈನು ಉದ್ದದ ಗಡಿ ಬರೀ ಒಂದು ಆಣೆ, ಅಂದರೆ ಸುಮಾರು ಎರಡು ಅಡಿ, ಸರಿದರೂ 10 ಆಣೆ ಜಮೀನು ಹೋಯಿತು. ಅರ್ಧ ಗುಂಟೆಗಿಂತ ಹೆಚ್ಚು! ಈಗ ಉಪಗ್ರಹದ ನೆರವಿನಿಂದ ಅಳೆಯುವ ರೋವರ್ ಬಂದಿದೆ, ಎಲ್ಲ ಸರಿಹೋಗುತ್ತದೆ ಎನ್ನುವವರಿದ್ದಾರೆ. ಕಲ್ಲು ಈಗ ಎಲ್ಲಿದೆ ಎಂಬುದನ್ನು ರೋವರ್ ಕರಾರುವಾಕ್ಕಾಗಿ ಹೇಳುತ್ತದೆ. ಎಲ್ಲಿರಬೇಕಿತ್ತು ಎಂಬುದಕ್ಕೆ ಟಿಪ್ಪಣಿಯೇ ಗತಿ. ಆ ಟಿಪ್ಪಣಿಗಳೋ, ಮುಟ್ಟಿದರೆ ಪುಡಿಯಾಗುವಷ್ಟು ಹಳೆಯವು.

ಕಂದಾಯ ಇಲಾಖೆ ನ್ಯಾಯಮಂಡಳಿ ಆದೇಶವಿರುವ ಬಹುಮಾಲೀಕತ್ವದ ನಂಬರುಗಳನ್ನು ಊರುವಾರು ಪಟ್ಟಿ ಮಾಡಿ, ಅರ್ಜಿಗೆ ಕಾಯದೆ ದುರಸ್ತಿಗೆ ತೆಗೆದುಕೊಳ್ಳಲಿ. ಹೊಸ ಹಿಸ್ಸಾ ನಂಬರು ಕೊಟ್ಟ ದಿನವೇ ಕಲ್ಲು ನೆಡಲಿ. ಕಲ್ಲಿನಿಂದ ಕಲ್ಲಿಗೆ ಇರುವ ಅಂತರ ಬರೆದ ನಕ್ಷೆಯ ಪ್ರತಿಯನ್ನು ಪ್ರತಿ ಹಿಸ್ಸೆದಾರರಿಗೂ ಕೊಡಲಿ. ಮುಂದೆ ಟ್ರ್ಯಾಕ್ಟರಿಗೆ ಸಿಕ್ಕಿ ಕಲ್ಲು ಕಿತ್ತುಬಂದರೂ ಅದೇ ಜಾಗದಲ್ಲಿ ಮತ್ತೆ ನೆಡಬಹುದು.