ತುಘಲಕನ ಪಾತ್ರ ಹೊತ್ತ ಸೋದರಳಿಯನಿಗೆ

ಚಿರಂಜೀವಿಗೆ ನಿನ್ನ ಸೋದರಮಾವ ಮಾಡುವ ಆಶೀರ್ವಾದಗಳು.

ನಿಮ್ಮ ತಂಡದವರು ಗಿರೀಶ ಕಾರ್ನಾಡರ ‘ತುಘಲಕ್’ ನಾಟಕವನ್ನು ಕೈಗೆತ್ತಿಕೊಂಡಿರುವುದೂ ಸುಲ್ತಾನನ ಪಾತ್ರ ನಿನ್ನ ಪಾಲಿಗೆ ಬಂದಿರುವುದೂ ತಿಳಿದು ಬಹಳ ಸಂತೋಷವಾಯಿತು. ಆದರೆ ಅವನು ಅರೆಹುಚ್ಚನೆಂದೂ ಅದಕ್ಕೆ ತಕ್ಕ ನಡಿಗೆಯನ್ನು, ನಗೆಯನ್ನು ಈಗಿನಿಂದಲೇ ರೂಢಿಸಿಕೊಳ್ಳುತ್ತಿರುವೆನೆಂದೂ ನೀನು ಬರೆದದ್ದನ್ನು ಓದಿದ ಮೇಲೆ ಸುಮ್ಮನಿರಲು ಮನಸ್ಸು ಒಪ್ಪಲಿಲ್ಲ. ಹುಚ್ಚನೆಂಬುದು ಲೋಕ ಅವನಿಗೆ ಕೊಟ್ಟ ತೀರ್ಪು. ತಲೆಬುಡವಿಲ್ಲದ ಆಜ್ಞೆಗಳನ್ನು ಕಂಡಾಗಲೆಲ್ಲ ನಾವು ‘ತುಘಲಕ್ ದರ್ಬಾರು’ ಎನ್ನುತ್ತೇವಲ್ಲ, ಆ ತೀರ್ಪನ್ನೇ ಹೊತ್ತುಕೊಂಡು ರಂಗಕ್ಕೆ ಬಂದರೆ ಪ್ರೇಕ್ಷಕನಿಗೆ ನೋಡುವುದಕ್ಕೆ ಏನೂ ಉಳಿಯುವುದಿಲ್ಲ.

ನಾಟ್ಯಶಾಸ್ತ್ರವು ವಿಭಾವವನ್ನು ಭಾವದ ಕಾರಣವೆಂದೂ, ನಟನ ಮೈಯಲ್ಲಿ, ಮಾತಿನಲ್ಲಿ ಕಾಣುವ ಅನುಭಾವವನ್ನು ಅದರ ಪರಿಣಾಮವೆಂದೂ ವಿಂಗಡಿಸುತ್ತದೆ. ನೀನು ಕಾರಣವನ್ನು ಹುಡುಕುವ ಮೊದಲೇ ಪರಿಣಾಮವನ್ನು ಅಭ್ಯಾಸಮಾಡಲು ಹೊರಟಿದ್ದೀಯೆ. ಕಾರಣಗಳಾದರೋ ನಾಟಕದ ಒಂದೊಂದು ದೃಶ್ಯದಲ್ಲೂ ಇವೆ. ಸುಲ್ತಾನ ಮಹಮ್ಮದ ತುಘಲಕನು ರಾಜಧಾನಿಯನ್ನು ದೆಹಲಿಯಿಂದ ದೌಲತಾಬಾದಿಗೆ ಒಯ್ಯುವೆನೆಂದು ಸಾರುವಾಗ ಹಿಂದೂ ಮುಸಲ್ಮಾನರು ಒಂದಾಗಿ ಬಾಳುವ ನಾಡನ್ನು ನಿಜವಾಗಿಯೂ ಬಯಸುತ್ತಾನೆ. ತನ್ನ ಅಧಿಕಾರಿಗಳ ವಿರುದ್ಧವೇ ತೀರ್ಪು ನೀಡಲು ಕಾಜಿಗೆ ಅವಕಾಶ ಕೊಡುತ್ತಾನೆ. ಪರಿಹಾರವೇ ಇಲ್ಲವೆನಿಸಿಕೊಂಡಿದ್ದ ಚದುರಂಗದ ಸಮಸ್ಯೆಯನ್ನು ಬಿಡಿಸಿ ಹುಡುಗನಂತೆ ಹಿಗ್ಗುತ್ತಾನೆ. ಈ ಹಿಗ್ಗಿನಲ್ಲಿ ಪ್ರೇಕ್ಷಕರು ಅವನನ್ನು ಮೆಚ್ಚಬೇಕು. ಮೆಚ್ಚದ ಹೊರತು, ಮುಂದೆ ಅವನು ತನ್ನನ್ನು ಬಹಿರಂಗವಾಗಿ ಟೀಕಿಸುತ್ತಿದ್ದ ಧರ್ಮಗುರು ಶೇಖ್ ಇಮಾಮುದ್ದೀನನಿಗೆ ತನ್ನದೇ ಉಡುಪು ತೊಡಿಸಿ ಸಾವಿಗೆ ಕಳಿಸುವುದು ಕೇವಲ ದುಷ್ಟತನವಾಗಿ ಕಾಣುತ್ತದೆಯೇ ಹೊರತು, ಚದುರಂಗದ ಅದೇ ಬುದ್ಧಿ ಮನುಷ್ಯರನ್ನು ಕಾಯಿಗಳನ್ನಾಗಿ ನಡೆಸತೊಡಗಿದೆ ಎಂಬ ಭಯ ಯಾರಿಗೂ ಹುಟ್ಟುವುದಿಲ್ಲ.

ನಿನ್ನ ಮಾತುಗಳನ್ನಷ್ಟೇ ಬರೆದುಕೊಂಡು ಕಂಠಪಾಠ ಮಾಡುತ್ತಿದ್ದರೆ ದಯವಿಟ್ಟು ಅದನ್ನು ಬಿಡು. ಪಾತ್ರವು ಅರ್ಧಕ್ಕಿಂತ ಹೆಚ್ಚಾಗಿ ಇತರರ ಮಾತಿನಲ್ಲಿ, ಇತರರೊಡನೆ ಅದು ಇಟ್ಟುಕೊಂಡ ಸಂಬಂಧದಲ್ಲಿ ರೂಪುಗೊಳ್ಳುತ್ತದೆ ಎಂಬುದು ನನ್ನ ದೃಢವಾದ ನಂಬಿಕೆ. ಇತಿಹಾಸಕಾರ ಬರನಿಯ ಮುಂದೆ ಮಹಮ್ಮದ ಆದರ್ಶವಾದಿ, ಸಲಹೆಗಾರ ನಜೀಬನ ಮುಂದೆ ರಾಜಕಾರಣಿ. ಮಲತಾಯಿಯ ಮುಂದೆ ಅವನು ಸಲಿಗೆಯ ಮಗ. ನಜೀಬನನ್ನು ಕೊಲ್ಲಿಸಿದವಳು ಅವಳೇ ಎಂದು ತಿಳಿದಾಗ ಕಲ್ಲೆಸೆದು ಕೊಲ್ಲುವಂತೆ ಆಜ್ಞಾಪಿಸುವವನೂ ಅವನೇ. ಈ ಆಜ್ಞೆಯನ್ನು ಎಷ್ಟು ಗಟ್ಟಿಯಾಗಿ ಕೂಗಬೇಕೆಂದು ಯೋಚಿಸುವುದಕ್ಕಿಂತ, ಮೊದಲ ದೃಶ್ಯಗಳಲ್ಲಿ ಅವಳೊಡನೆ ಎಷ್ಟು ಮೃದುವಾಗಿ ಮಾತನಾಡಿದ್ದೆ ಎಂಬುದನ್ನು ನೆನೆದುಕೋ.

ಎಲ್ಲಕ್ಕಿಂತ ಹೆಚ್ಚಾಗಿ ಅಜೀಜನನ್ನು ಓದು. ಬ್ರಾಹ್ಮಣನ ವೇಷ ಹಾಕಿ ಸುಲ್ತಾನನ ನ್ಯಾಯದಿಂದಲೇ ಲಾಭ ಪಡೆದ ಈ ಅಗಸ, ಸುಲ್ತಾನನ ಒಂದೊಂದು ಯೋಜನೆ ಜಾರಿಗೆ ಬಂದಾಗಲೂ ಅದರಲ್ಲೊಂದು ಕಳ್ಳದಾರಿಯನ್ನು ಕಂಡುಕೊಂಡು, ತಾಮ್ರದ ಖೋಟಾ ನಾಣ್ಯಗಳವರೆಗೂ ಹೋಗಿ, ಕೊನೆಗೆ ಖಲೀಫರ ವಂಶದವನ ಸೋಗಿನಲ್ಲಿ ಅರಮನೆಯನ್ನೇ ಹೊಕ್ಕುತ್ತಾನೆ. ಸಿಕ್ಕಿಬಿದ್ದಾಗ ತಾನೇ ಸುಲ್ತಾನನ ನಿಜವಾದ ಶಿಷ್ಯನೆಂದು ವಾದಿಸುತ್ತಾನೆ. ಮಹಮ್ಮದ ಅವನನ್ನು ಕೊಲ್ಲಿಸದೆ ದಖನ್ನಿನಲ್ಲಿ ಅಧಿಕಾರ ಕೊಟ್ಟು ಕಳಿಸುತ್ತಾನಲ್ಲ, ಏಕೆ? ನಾಟಕಕಾರರು ಉತ್ತರವನ್ನು ಬಾಯಿಬಿಟ್ಟು ಹೇಳಿಲ್ಲ, ಹೇಳದಿರುವುದೇ ಸರಿ. ತನ್ನ ಕನಸುಗಳನ್ನು ಪೂರ್ತಿಯಾಗಿ ಅರ್ಥಮಾಡಿಕೊಂಡವನು ಈ ವಂಚಕನೊಬ್ಬನೇ ಎಂಬುದು ಅವನಿಗೆ ಆ ಗಳಿಗೆಯಲ್ಲಿ ಹೊಳೆಯುತ್ತದೆಯೆಂದು ನನಗೆ ತೋರುತ್ತದೆ. ನಿನಗೆ ಬೇರೆಯೇ ಕಾರಣ ಕಾಣಬಹುದು. ಕಂಡರೆ ಅದನ್ನೇ ಹಿಡಿ. ಕಾರಣವಿಲ್ಲದೆ ಮಾತ್ರ ಆ ದೃಶ್ಯಕ್ಕೆ ಪ್ರವೇಶಿಸಬೇಡ.

ಸಿ. ಆರ್. ಸಿಂಹ ಅವರು ಕನ್ನಡದಲ್ಲಿಯೂ ಮನೋಹರ ಸಿಂಗ್ ಅವರು ಹಿಂದಿಯಲ್ಲಿಯೂ ಈ ಪಾತ್ರದಿಂದ ದೊಡ್ಡ ಹೆಸರು ಪಡೆದರು. ಅವರ ಛಾಯಾಚಿತ್ರಗಳನ್ನು ಗೌರವದಿಂದ ನೋಡು, ಆದರೆ ಭಂಗಿಯನ್ನು ಎರವಲು ತರಬೇಡ. ಉಡುಪು, ಕಿರೀಟಗಳ ಚಿಂತೆಯನ್ನು ಪ್ರಸಾಧನದವರಿಗೆ ಬಿಡು.

ಮುಂದಿನ ತಾಲೀಮಿಗೆ ಮೊದಲು ನಿರ್ದೇಶಕರ ಅನುಮತಿ ಕೇಳಿ, ಕೊನೆಯ ದೃಶ್ಯದಲ್ಲಿ ಅಜೀಜನ ಮಾತುಗಳನ್ನು ನೀನು ಓದು, ನಿನ್ನವನ್ನು ಅವನ ಪಾತ್ರಧಾರಿ ಓದಲಿ. ಆಗ ಮನಸ್ಸಿಗೆ ಬಂದದ್ದನ್ನು ನನಗೆ ವಿವರವಾಗಿ ಬರೆ.

ಇತಿ,
ನಿನ್ನ ಸೋದರಮಾವ